ಬಟ್ಟಲ ಕೆಳಗಿನ ಅಧ್ಯಕ್ಷರು

ಬೆಳ್ಳುಳ್ಳಿ ಸಿಪ್ಪೆಯಿಂದ ಮೇಜು ಹಾಳಾಗುತ್ತದೆಂದು ಮಗಳು ಶಮೀಮಾ ಕಪಾಟಿನ ತಳದಿಂದ ಒಂದು ಹಳೆಯ ಪ್ಲಾಸ್ಟಿಕ್ ಡಿನ್ನರ್ ಮ್ಯಾಟ್ ಎಳೆದು ತಂದು ನನ್ನ ಮುಂದೆ ಹಾಸಿ ಹೋದಳು. ನೋಡಿದರೆ, ಅರಿಶಿನದ ಕಲೆಗಳ ನಡುವೆ ಅಮೆರಿಕದ ಅಧ್ಯಕ್ಷರು ಸಾಲಾಗಿ ಕುಳಿತಿದ್ದಾರೆ. ಕೆಲವರಿಗೆ ಗಡ್ಡ, ಕೆಲವರಿಗೆ ಬಿಗಿಯಾದ ಕಾಲರು, ಎಲ್ಲರ ಮುಖದಲ್ಲೂ ಹಲ್ಲುನೋವು ಬಂದವರ ಗಾಂಭೀರ್ಯ. ಎಷ್ಟೋ ವರ್ಷಗಳ ಮೇಲೆ ನಾವು ಪರಸ್ಪರ ನೋಡುತ್ತಿದ್ದೆವು. ನನ್ನ ಮೂಡ್ ಸರಿಯಿದ್ದಿದ್ದರೆ ನಕ್ಕುಬಿಡುತ್ತಿದ್ದೆ.

ಮೂಡ್ ಯಾಕೆ ಸರಿಯಿರಲಿಲ್ಲ ಎಂಬುದನ್ನು ನಿಮಗೆ ಹೇಳಿಬಿಡುತ್ತೇನೆ. ಇವರು, ಅಂದರೆ ನನ್ನ ಗಂಡ, ತೀರಿಕೊಂಡ ಮೇಲೆ ನಾನು ಮತ್ತೆ ಸೌದಿಯ ಜುಬೈಲಿಗೆ ಮಗಳ ಮನೆಗೆ ಬಂದು ಕೆಲವು ತಿಂಗಳಾಯಿತು, ಅಡುಗೆಯೂ ನನ್ನ ಕೈಯಲ್ಲೇ ಇತ್ತು. ಇಂದು ರಾತ್ರಿ ಅಳಿಯನ ಸ್ನೇಹಿತರೆಲ್ಲ ಕುಟುಂಬ ಸಮೇತ ಬಿರಿಯಾನಿಗೆ ಬರುವವರಿದ್ದಾರೆ. ತೋಳೇರಿಸಿಕೊಂಡು ಅಡುಗೆಮನೆಗೆ ಹೋದ ನನ್ನನ್ನು ಶಮೀಮಾ ಭುಜ ಹಿಡಿದು ಮೂಲೆಯ ಕುರ್ಚಿಯಲ್ಲಿ ಕೂರಿಸಿದಳು. "ಉಮ್ಮ, ಬಿರಿಯಾನಿ ನಾನು ನೋಡಿಕೊಳ್ತೇನೆ. ನೀವು ಬೆಳ್ಳುಳ್ಳಿ ಸುಲಿದುಕೊಟ್ಟರೆ ಸಾಕು."

ಬೆಳ್ಳುಳ್ಳಿ! ಇದೇ ಊರಿನಲ್ಲಿ ಅರ್ಧ ಆಯುಷ್ಯ ಒಂದು ಅಡುಗೆಮನೆಯನ್ನು ಆಳಿದವಳು ನಾನು. ಈದ್ ದಿನ ನಮ್ಮ ಬಿಲ್ಡಿಂಗಿನ ಮುಕ್ಕಾಲು ಜನ ನನ್ನ ಪಾತ್ರೆಯಿಂದಲೇ ಉಣ್ಣುತ್ತಿದ್ದರು. ನನ್ನನ್ನು ಓದಿಸಿದ ಮಂಗಳೂರಿನ ಕಾನ್ವೆಂಟಿನ ಸಿಸ್ಟರುಗಳು ಡಿಸಿಪ್ಲಿನ್ ಕಲಿಸಿದ್ದರು. ನಾನದನ್ನು ಸೌಟಿನ ಮೂಲಕ ಮುಂದುವರಿಸಿದ್ದೆ. ಇಂಥವಳಿಗೆ ಮೂಲೆಯ ಕುರ್ಚಿ. "ನನ್ನ ಟಿಕೆಟ್ ಬುಕ್ ಮಾಡು, ಮಂಗಳೂರಿಗೆ ಹೋಗ್ತೇನೆ" ಎಂದೆ. ನಿಜವಾಗಿಯೂ ಹೋಗುವ ಮನಸ್ಸಿನಿಂದಲೇ ಎಂದೆ. ಅವಳು ಅಪ್ಪನ ಮಗಳು, ಸಿಟ್ಟಾಗುವುದಿಲ್ಲ. "ಆಯ್ತು ಉಮ್ಮ, ಬಿರಿಯಾನಿ ದಮ್ಮಿಗೆ ಇಟ್ಟು ಟಿಕೆಟ್ ನೋಡ್ತೇನೆ" ಎಂದು ಅಕ್ಕಿ ತೊಳೆಯಲು ಹೋದಳು. ಉಳಿದದ್ದು ನಾನು ಮತ್ತು ಅಧ್ಯಕ್ಷರು.

ಈ ಅಧ್ಯಕ್ಷರು ನಮ್ಮ ಮನೆಗೆ ಬಂದದ್ದು ಇಲ್ಲೇ ಹತ್ತಿರದ, ಎಣ್ಣೆ ಕಂಪೆನಿಯ ಊರಾದ ರಾಸ್ ತನೂರಾದಿಂದ. ಅಲ್ಲಿ ಅಮೆರಿಕದ ಒಂದು ಕುಟುಂಬ ಊರಿಗೆ ಹೊರಟಿತ್ತು. ಹೊರಡುವವರು ಮನೆಯ ಸಾಮಾನನ್ನೆಲ್ಲ ಬಾಗಿಲ ಮುಂದೆ ಹರಡಿ ಸಿಕ್ಕಿದ ಬೆಲೆಗೆ ಮಾರಿಬಿಡುವುದು ಅಲ್ಲಿನ ಕಾಂಪೌಂಡುಗಳ ವಾಡಿಕೆ. ನನಗೊಂದು ಓವನ್ ತರುತ್ತೇನೆಂದು ಹೋದ ಇವರು ಅರ್ಧ ಡಜನ್ ಡಿನ್ನರ್ ಮ್ಯಾಟ್ ತಂದರು. ಓವನನ್ನು ಬೇರೆ ಯಾರೋ ಎತ್ತಿಕೊಂಡು ಹೋಗಿದ್ದರಂತೆ. ನಾನು ಒಂದು ವಾರ ಕೇಕಿನ ಮಾತೆತ್ತಿ ಚುಚ್ಚಿದೆ.

ಮ್ಯಾಟಿನ ಮುಂಭಾಗದಲ್ಲಿ ಮುಖ, ಹಿಂಭಾಗದಲ್ಲಿ ಒಬ್ಬೊಬ್ಬರ ಬಾಳಿನ ಬಗ್ಗೆ ನಾಲ್ಕು ಸಾಲು. ನಾವೆಲ್ಲ ನೆಲದ ಮೇಲೆ ಕೂತು ಉಣ್ಣುವವರು. ಬಟ್ಟಲು ಇಡುವ ಮೊದಲು ಇವರು ಮ್ಯಾಟ್ ತಿರುವಿ ಹಿಡಿದು ಒಂದು ಚರಿತ್ರೆ ಓದುವುದು, ಆಮೇಲೆ ಅದರ ಮೇಲೆ ಮೀನು ಸಾರು ಬಡಿಸುವುದು ಪದ್ಧತಿಯಾಯಿತು. ಪಕ್ಕದ ಮನೆಯ ಭಟ್ಕಳದ ಖಾಲಾಗೆ ಇದು ಸರಿಬರಲಿಲ್ಲ. ಎಷ್ಟೆಂದರೂ ಮನುಷ್ಯರ ಮುಖ, ಅದರ ಮೇಲೆ ಬಟ್ಟಲು ಇಡುವುದು ಹೇಗೆ ಎಂದು ಅವರು ಊಟಕ್ಕೆ ಬಂದಾಗ ತಮ್ಮ ಪಾಲಿನ ಮ್ಯಾಟನ್ನು ಬೋರಲಾಗಿಯೇ ಹಾಸಿಕೊಳ್ಳುತ್ತಿದ್ದರು.

ಕಾನ್ವೆಂಟಿನಲ್ಲಿ ನಾನು ಇಂಗ್ಲೆಂಡಿನ ರಾಜರನ್ನು ಉರು ಹೊಡೆದವಳು. ರಾಜನ ಮಗ ರಾಜ, ಅಲ್ಲಿ ಕತೆ ಮುಗಿಯಿತು. ಈ ಅಮೆರಿಕದವರದು ಹಾಗಲ್ಲ. ಒಬ್ಬೊಬ್ಬ ಒಂದೊಂದು ಬೀದಿಯಿಂದ ಬಂದವನು. ಹೆಸರುಗಳು ನಮ್ಮ ಇವರ ನಾಲಗೆಗೆ ಒಗ್ಗಲಿಲ್ಲವಾದ್ದರಿಂದ ಎಲ್ಲರನ್ನೂ ಕಸುಬಿನಿಂದಲೇ ಕರೆಯುತ್ತಿದ್ದರು. ಭೂಮಿ ಅಳೆಯುವವ, ಬಟ್ಟೆ ಹೊಲಿಯುವವ, ಇಸ್ಕೂಲು ಮಾಷ್ಟ್ರು, ಕಡಲೆಕಾಯಿ ಬೆಳೆದವ, ಸಿನಿಮಾದವ. ಇವರ ಬಾಯಲ್ಲಿ ಅವರೆಲ್ಲ ಉಳ್ಳಾಲದ ಕಡೆಯ ಸಂಬಂಧಿಕರಂತೆ ಕೇಳುತ್ತಿದ್ದರು. ಅಧಿಕಾರ ವಹಿಸಿಕೊಂಡ ದಿನ ಚಳಿಯಲ್ಲಿ ಕೋಟು ಹಾಕದೆ ಉದ್ದುದ್ದ ಭಾಷಣ ಮಾಡಿ, ತಿಂಗಳು ತುಂಬುತ್ತಿದ್ದಂತೆ ತೀರಿಹೋದ ಒಬ್ಬನಿದ್ದಾನಲ್ಲ, ಜನವರಿಯ ಬೆಳಿಗ್ಗೆ ಶಮೀಮಾ ಸ್ವೆಟರ್ ಬೇಡವೆಂದಾಗಲೆಲ್ಲ ಅವನನ್ನು ನೆನಪಿಸುತ್ತಿದ್ದರು. ಪಾಪ, ಅವನಿಂದ ಆ ದೇಶಕ್ಕೆ ಎಷ್ಟು ಉಪಯೋಗವಾಯಿತೋ, ನಮ್ಮ ಮನೆಗಂತೂ ಆಯಿತು.

ಶಮೀಮಾ ಹತ್ತನೇ ಕ್ಲಾಸಿನಲ್ಲಿದ್ದಾಗ ನಮ್ಮ ಮನೆಯಲ್ಲೂ ಒಂದು ಸರಕಾರ ಬಿತ್ತು. ಇವರು ಕಂಪೆನಿಯ ಸ್ಟೋರಿನಲ್ಲಿ ಸೂಪರ್‌ವೈಸರ್. ಹೊಸ ಮ್ಯಾನೇಜರ್ ಬಂದ, ಸೂಪರ್‌ವೈಸರಿಗೆ ಡಿಪ್ಲೊಮಾ ಬೇಕೆಂದ. ಡಿಪ್ಲೊಮಾ ಇದ್ದದ್ದು ರಫೀಕನಿಗೆ. ಕಾಪುವಿನ ಹುಡುಗ, ಇವರೇ ಕೈಹಿಡಿದು ಕೆಲಸ ಕಲಿಸಿದವನು. ಇವರ ಮುಂದೆ ಎರಡೇ ದಾರಿ: ರಫೀಕನ ಕೆಳಗೆ ಕೌಂಟರಿನಲ್ಲಿ ನಿಂತು ನಟ್ಟು ಬೋಲ್ಟು ಕೊಡುವುದು, ಇಲ್ಲವೇ ಇಲ್ಲಿ ಇರಲು ಕೊಟ್ಟ ಪರವಾನಗಿ, ಇಕಾಮಾ, ಒಪ್ಪಿಸಿ ಊರಿಗೆ ಹೊರಡುವುದು. ಹೊರಟರೆ ಮಗಳ ಓದು ನಡುವೆ ತುಂಡಾಗುತ್ತಿತ್ತು.

ನಾನು ಹೊರಡುವ ಪಕ್ಷ. ಸೂಪರ್‌ವೈಸರನ ಹೆಂಡತಿಯಾಗಿ ಅಭ್ಯಾಸವಾಗಿದ್ದವಳು ರಫೀಕನ ಹೆಂಡತಿಗೆ ಮೊದಲು ಸಲಾಂ ಹೇಳಬೇಕಲ್ಲ ಎಂಬುದೇ ನನ್ನ ದೊಡ್ಡ ರಾಷ್ಟ್ರೀಯ ಸಮಸ್ಯೆಯಾಗಿತ್ತು. ಇವರು ಮಾತ್ರ ಮೂರು ನಾಲ್ಕು ದಿನ ಬೇಗಬೇಗ ಉಂಡು ಏಳುತ್ತಿದ್ದರು. ಮ್ಯಾಟ್ ತಿರುವುವುದೂ ನಿಂತಿತ್ತು.

ಒಂದು ಮಧ್ಯಾಹ್ನ ಶಮೀಮಾಳೇ ತನ್ನ ಮ್ಯಾಟ್ ತಿರುವಿ ಓದಿದಳು. ಎರಡನೆಯ ಸಲ ಚುನಾವಣೆಯಲ್ಲಿ ಸೋತು ಮನೆಗೆ ಹೋದ ಒಬ್ಬ ಅಧ್ಯಕ್ಷ, ಆಮೇಲೆ ಅದೇ ರಾಜಧಾನಿಗೆ ಸಾಧಾರಣ ಸದಸ್ಯನಾಗಿ ಬಂದು, ಸಾಯುವವರೆಗೂ ಸಭೆಯಲ್ಲಿ ಕೂತು ಕೆಲಸ ಮಾಡಿದನಂತೆ. ಓದಿ ಮುಗಿಸಿ ಅವಳು ಅಪ್ಪನ ಮುಖ ನೋಡಲಿಲ್ಲ, ಬಟ್ಟಲು ಇಟ್ಟುಕೊಂಡು ಮೀನಿನ ಮುಳ್ಳು ಬಿಡಿಸತೊಡಗಿದಳು.

ಇವರು ಅನ್ನಕ್ಕೆ ಸಾರು ಸುರಿದು ಕಲಸಿದರು. ಆಮೇಲೆ, "ಅವನ ಅಪ್ಪನೂ ಅಧ್ಯಕ್ಷ ಅಲ್ವಾ?" ಎಂದು ಕೇಳಿದರು.

"ಹೌದು ಬಾಪ."

"ಹಾಗಾದ್ರೆ ಅವನಿಗೆ ಕಷ್ಟವೇ ಆಗಿರ್ಬೇಕು. ನನ್ನಪ್ಪ ಬಂದರಿನಲ್ಲಿ ಮೂಟೆ ಹೊತ್ತವರು. ನನಗೆ ಬೀಳ್ಲಿಕ್ಕೆ ಅಷ್ಟು ಎತ್ತರವೇ ಇಲ್ಲ ಮಾರಾಯ್ತಿ."

ಹೀಗೆಂದು ಇನ್ನೊಂದು ತುಂಡು ಮೀನು ಕೇಳಿದರು. ಬಡಿಸಿದೆ. ನನ್ನ ಪಕ್ಷ ಸೋತಿತ್ತು.

ಆದರೆ ನಿಜವಾದ ಪರೀಕ್ಷೆ ಇದ್ದದ್ದು ಕಂಪೆನಿಯ ಬಸ್ಸಿನಲ್ಲಿ. ಡ್ರೈವರನ ಹಿಂದಿನ ಮೊದಲ ಸೀಟು ಸೂಪರ್‌ವೈಸರನದೆಂದು ಎಲ್ಲೂ ಬರೆದಿಲ್ಲ. ಆದರೂ ಬೇರೆ ಯಾರೂ ಅಲ್ಲಿ ಕೂರುವುದಿಲ್ಲ. ಹೊಸ ಕೆಲಸದ ಮೊದಲ ದಿನ ಇವರು ಏನನ್ನೋ ಯೋಚಿಸುತ್ತಾ ಬಸ್ಸು ಹತ್ತಿ, ಕಾಲು ಎಳೆದುಕೊಂಡು ಹೋದ ಕಡೆಗೇ ಹೋಗಿ, ಅದೇ ಸೀಟಿನಲ್ಲಿ ಕೂತುಬಿಟ್ಟರಂತೆ. ಹಿಂದಿನ ಸೀಟುಗಳಲ್ಲಿ ಕತ್ತುಗಳು ಎದ್ದವು. ರಫೀಕ್ ಹತ್ತಿದ, ನೋಡಿದ, ಕಂಬಿ ಹಿಡಿದು ನಿಂತ.

"ಕೂತ್ಕೊಳ್ಳಿ ಹಮೀದಾಕ. ನಿಂತರೆ ನನಗೆ ಗಾಳಿ ಬರ್ತದೆ" ಎಂದು ಇವರನ್ನೇ ಕೂರಿಸಲು ನೋಡಿದ.

ಎ.ಸಿ. ಬಸ್ಸು. ಇವರಿಗೆ ಆಗ ಎಚ್ಚರವಾಯಿತು. ಎದ್ದು, "ಎಂತ ಗಾಳಿ ಮಾರಾಯ, ಕಿಟಕಿ ಎಲ್ಲ ಬಂದ್ ಉಂಟು. ಕೂತ್ಕೋ. ಸೀಟು ಕೆಲಸದ್ದು, ನನ್ನದಲ್ಲ" ಎಂದು ಅವನ ಹೆಗಲು ಒತ್ತಿ ಕೂರಿಸಿ, ಹಿಂದಕ್ಕೆ ನಡೆದರಂತೆ. ಕೊನೆಯ ಸಾಲಿನಲ್ಲಿ ಯಾರೋ ಸರಿದು ಜಾಗ ಕೊಟ್ಟರು.

ಆ ಸಂಜೆ ನಾನು ಸಮಾಧಾನದ ಮಾತುಗಳನ್ನು ಜೋಡಿಸಿಟ್ಟುಕೊಂಡು ಬಾಗಿಲು ತೆರೆದರೆ, ಇವರು ನಗುತ್ತಾ ಒಳಗೆ ಬಂದರು. ಬಸ್ಸಿನ ಹಿಂದಿನ ಸೀಟಿನಲ್ಲಿ ಏನೇನು ನಡೆಯುತ್ತದೆ ಗೊತ್ತಾ ಎಂದು ಶುರುಮಾಡಿದರು. ಯಾರ ಮದುವೆ ನಿಶ್ಚಯವಾಯಿತು, ಯಾರ ಕಫೀಲ್, ಅಂದರೆ ವೀಸಾ ಕೊಟ್ಟ ಧಣಿ, ಯಾರಿಗೆ ಬೈದ, ಯಾವ ಮಲಬಾರಿ ಹುಡುಗ ಮ್ಯಾನೇಜರನ ನಡಿಗೆಯನ್ನು ಹೇಗೆ ನಟಿಸಿ ತೋರಿಸುತ್ತಾನೆ. ಇಷ್ಟು ವರ್ಷ ಮುಂದೆ ಕೂತು ಬರೀ ರಸ್ತೆ ನೋಡಿದೆನಲ್ಲ ಎಂದು ಅವರಿಗೆ ಬೇಸರ. ಅಂದಿನಿಂದ ನಮ್ಮ ಮನೆಯ ಊಟಕ್ಕೆ ಅಧ್ಯಕ್ಷರ ಜೊತೆಗೆ ಹಿಂದಿನ ಸೀಟಿನ ಸುದ್ದಿಯೂ ಬರತೊಡಗಿತು. ರಫೀಕ್ ಅಡ್ಡಿ ಆತಂಕ ಬಂದಾಗ ಕೌಂಟರಿಗೆ ಬಂದು ಮೆಲ್ಲನೆ ಕೇಳುತ್ತಿದ್ದ, ಇವರು ಮೆಲ್ಲನೆ ಹೇಳುತ್ತಿದ್ದರು. ಶಮೀಮಾ ಹನ್ನೆರಡನೇ ಕ್ಲಾಸು ಮುಗಿಸಿದಳು. ರಫೀಕನ ಹೆಂಡತಿಗೆ ನಾನು ಸಲಾಂ ಹೇಳಿದೆ. ಆಮೇಲೆ ತಿಳಿಯಿತು, ಅವಳೂ ನನಗೆ ಹೇಗೆ ಹೇಳುವುದೆಂದು ಹೆದರಿ ವಾರಗಟ್ಟಲೆ ಲಿಫ್ಟ್ ಬಿಟ್ಟು ಮೆಟ್ಟಿಲು ಹತ್ತುತ್ತಿದ್ದಳಂತೆ.

ಇಷ್ಟು ನೆನೆಯುವಾಗ ನನ್ನ ಕೈ ತಾನಾಗಿಯೇ ಸುಲಿಯುತ್ತಿತ್ತು. ಸೋತವನ ಮುಖದ ಮೇಲೆ ಬಿದ್ದಿದ್ದ ಸಿಪ್ಪೆಯನ್ನು ಊದಿ ಆಚೆ ಸರಿಸಿದೆ. ಶಮೀಮಾ ಈರುಳ್ಳಿಯನ್ನು ಎಣ್ಣೆಗೆ ಹಾಕಿ, ಉರಿ ತಗ್ಗಿಸದೆ, ನನ್ನೆದುರಿನ ಕುರ್ಚಿ ಎಳೆದು ಕೂತಳು. ಉರಿ ಜಾಸ್ತಿಯಾಯಿತು ಎಂಬ ಮಾತು ನನ್ನ ತುಟಿಯವರೆಗೆ ಬಂದಿತ್ತು. ನುಂಗಿಕೊಂಡೆ.

ಅವಳು ನನ್ನ ಮುಂದಿನಿಂದ ಒಂದು ಗಡ್ಡೆ ತೆಗೆದುಕೊಂಡು ಸುಲಿಯುತ್ತಾ, ದನಿ ತಗ್ಗಿಸಿ, "ಉಮ್ಮ, ಇದನ್ನು ನಿಮ್ಮ ಅಳಿಯನಿಗೆ ಹೇಳಬಾರದು" ಎಂದಳು. ಎರಡು ಸಲ ಡ್ರೈವಿಂಗ್ ಟೆಸ್ಟಿಗೆ ಹೋಗಿ ಫೇಲ್ ಆಗಿದ್ದಾಳಂತೆ. ಜೊತೆಗೆ ಮೇಲಿನ ಫ್ಲೋರಿನ ಡಾಕ್ಟರಮ್ಮನೂ ಇದ್ದರಂತೆ. ಆ ಡಾಕ್ಟರಮ್ಮ ಟೆಸ್ಟ್ ತೆಗೆದುಕೊಳ್ಳುವ ಮೇಡಮ್ಮನನ್ನು ಪಕ್ಕದಲ್ಲಿ ಕೂರಿಸಿಕೊಂಡು, ಮುಂದಕ್ಕೆ ಹೋಗಿ ಎಂದರೆ ರಿವರ್ಸ್ ಹಾಕಿದ್ದಾರೆ. ನಾನು ಈ ಮನೆಗೆ ಬಂದು ಇಷ್ಟು ತಿಂಗಳಾಯಿತು; ಸೌಟು ಹಿಡಿದು ನಿಂತವಳಿಗೆ ಇವಳು ಉಪ್ಪು ಖಾರದ ಹೊರತು ಬೇರೇನೂ ಹೇಳಿದ್ದಿಲ್ಲ. ತಲೆಗೆ ತಲೆ ಸೇರಿಸಿಕೊಂಡು ಇಬ್ಬರೂ ಕಣ್ಣಲ್ಲಿ ನೀರು ಬರುವಷ್ಟು ನಕ್ಕೆವು.

ಸೀದ ವಾಸನೆ ಮೊದಲು ಬಂದದ್ದು ಅವಳ ಮೂಗಿಗೆ. ಓಡಿದಳು. ಪಾತ್ರೆ ಇಳಿಸುವ ಸದ್ದು, ಕರಿದ ಈರುಳ್ಳಿ ಕಪ್ಪಾಗಿದ್ದಕ್ಕೆ ತನಗೆ ತಾನೇ ಬೈದುಕೊಳ್ಳುವ ಸದ್ದು. ಮೊದಲಾಗಿದ್ದರೆ ಆ ಬೈಗುಳ ನನ್ನದಾಗಬೇಕಿತ್ತು. ನಾನು ಕಾಲು ಚಾಚಿ ಇನ್ನೊಂದು ಎಸಳು ಕೈಗೆತ್ತಿಕೊಂಡೆ.

ಹೊಸದಾಗಿ ಈರುಳ್ಳಿ ಕತ್ತರಿಸುತ್ತಾ ಅವಳು ಅಲ್ಲಿಂದಲೇ, "ಉಮ್ಮ, ಟಿಕೆಟ್ ಯಾವಾಗಿನದ್ದು ನೋಡ್ಲಿ?" ಎಂದು ಕೇಳಿದಳು.

"ಅದು ಇರ್ಲಿ. ರಿವರ್ಸ್ ಹಾಕಿದ್ರಲ್ಲ, ಆಮೇಲೆ ಮೇಡಮ್ಮನಿಗೆ ಎಂತಾಯ್ತು ಹೇಳು."