ರಂಗೋಲಿ ನಿಂತದ್ದನ್ನು ಕಂಡವರು

ನಾನಿದ್ದ ಹೊರದೇಶದ ಊರು ಬ್ಲಾಂಚರ್ಡ್ಸ್‌ಟೌನಿನಲ್ಲಿ ಕಾರೊಂದು ನನ್ನ ಸೈಕಲ್ಲಿಗೆ ಗುದ್ದಿ ಬಲಗೈಯ ಮಣಿಕಟ್ಟು ಮುರಿದಾಗ ಲಾಕ್‌ಡೌನ್ ಜಾರಿಯಲ್ಲಿತ್ತು. ಮನೆ ಹಂಚಿಕೊಂಡಿದ್ದ ಗೆಳತಿಯರು ಅದಾಗಲೇ ಬೆಂಗಳೂರಿಗೆ ಮರಳಿದ್ದರು. ಮೂಳೆ ಕೂಡಿಕೊಂಡಿತು, ಹೆಬ್ಬೆರಳು ಮಾತ್ರ ಚಿಟಿಕೆ ಉಪ್ಪನ್ನೂ ಹಿಡಿಯದಾಯಿತು.

ನನ್ನ ಪರಿಹಾರದ ದಾವೆ ನೋಡಿಕೊಳ್ಳುತ್ತಿದ್ದ ವಕೀಲೆ ಫೋನಿನಲ್ಲಿ ಕೇಳಿದರು: "ನಿಮ್ಮ ದಿನಚರಿ ಬದಲಾದದ್ದನ್ನು ಕಣ್ಣಾರೆ ಕಂಡವರು ಯಾರಿದ್ದಾರೆ? ಇಲ್ಲದಿದ್ದರೆ ಮೂಳೆಗಷ್ಟೇ ಪರಿಹಾರ."

ಮುರಿದ ಮೂಳೆಯ ಜೊತೆಗೆ ಕೆಟ್ಟುಹೋದ ದಿನಗಳನ್ನೂ ಕಾನೂನು ತೂಗಬೇಕೆಂದು ಕಾಲೇಜಿನ ಚರ್ಚಾಸ್ಪರ್ಧೆಗಳಲ್ಲಿ ವಾದಿಸಿದವಳು ನಾನು. ಈಗಲೂ ಹಾಗೆಯೇ ನಂಬುತ್ತೇನೆ. ಆದರೆ ತಿಂಗಳುಗಳಿಂದ ನನ್ನ ಮನೆಗೆ ಯಾರೂ ಬಂದಿರಲಿಲ್ಲ.

ಆ ಸಂಜೆ ಕಸದ ತೊಟ್ಟಿಯನ್ನು ಎಡಗೈಯಿಂದ ಎಳೆಯುತ್ತಿದ್ದಾಗ ಎದುರುಮನೆಯ ವೃದ್ಧೆ ಕಿಟಕಿ ತೆರೆದು ಕೂಗಿದರು. ಅದುವರೆಗೆ ನಾವು ಪರಸ್ಪರ ಕೈಬೀಸಿದ್ದಷ್ಟೇ.

"ಬಾಗಿಲ ಮುಂದೆ ಬಿಳಿ ಹೂವು ಬಿಡಿಸುವುದನ್ನು ಯಾಕಮ್ಮಾ ನಿಲ್ಲಿಸಿದೆ? ನಮ್ಮ ಮಳೆಗೆ ಸೋತೆಯಾ?"

ಅಪಘಾತದವರೆಗೆ ನಾನು ದಿನವೂ ಹಾಕುತ್ತಿದ್ದ ರಂಗೋಲಿಯ ಮಾತು ಅದು. ನಾನು ಕೈ ತೋರಿಸಿ, ಅಪಘಾತದ ಕತೆಯನ್ನೂ ವಕೀಲೆಯ ಪ್ರಶ್ನೆಯನ್ನೂ ಹೇಳಿದೆ.

"ನಾನು ಹೇಳುತ್ತೇನೆ ಬಿಡು. ಬೆಳಗ್ಗೆ ಚಹಾ ಹಿಡಿದು ಈ ಕಿಟಕಿಗೆ ಬರುತ್ತಿದ್ದುದೇ ಅದನ್ನು ನೋಡಲು. ಆಮೇಲೆ ದಿನವಿಡೀ ನೋಡಲು ಇನ್ನೇನಿತ್ತು?"

ನನಗೆ ಸಾಕ್ಷಿ ಸಿಕ್ಕಿತ್ತು. ಆದರೆ ಆಕೆ ಕಳೆದುಕೊಂಡ ಬೆಳಗುಗಳಿಗೆ ಪರಿಹಾರ ಕೇಳಲು ಯಾವ ದಾವೆಯೂ ಇರಲಿಲ್ಲ. ಮರುದಿನ ಎಡಗೈಯಲ್ಲೇ ಸೊಟ್ಟ ಹೂವೊಂದನ್ನು ಬಿಡಿಸಿ, ತಲೆಯೆತ್ತಿ ಆ ಕಿಟಕಿಯತ್ತ ನೋಡಿದೆ.