ಆರನೆಯ ಮನೆಯ ಕುಜ

ನನ್ನ ಅಕ್ಕ ರುಕ್ಮಿಣಿ ಮದುವೆಯಾಗದೆ ಉಳಿದದ್ದು ನನ್ನಿಂದ. ಅವಳ ಗ್ರಹಗತಿಯಿಂದಲ್ಲ, ಅವಳ ಹಟದಿಂದಲ್ಲ — ನನ್ನಿಂದ. ನೀವು ಓದಿರಬಹುದಾದ ನನ್ನ ಕಾದಂಬರಿಯಲ್ಲಿ ಬೇರೆ ರೀತಿ ಬರೆದಿದೆ. ಅದು ಸುಳ್ಳು. ಕಾದಂಬರಿಯೆಂದ ಮೇಲೆ ಸುಳ್ಳು ಇದ್ದದ್ದೇ ಎಂದು ದೊಡ್ಡ ಮನಸ್ಸು ಮಾಡಿ ನನ್ನನ್ನು ಬಿಟ್ಟುಬಿಡಬೇಡಿ. ‘ಇದು ನಮ್ಮ ಮನೆಯ ಕಥೆ, ಒಂದು ಮಾತೂ ಕಟ್ಟಿದ್ದಲ್ಲ’ ಎಂದು ಮೊದಲ ಪುಟದಲ್ಲಿ ಅಚ್ಚು ಹಾಕಿಸಿದವನು ನಾನೇ.

ಈಗ ಎರಡನೆಯ ಮುದ್ರಣ. ಹೊಸ ಮುನ್ನುಡಿ ಬೇಕೆಂದು ಪ್ರಕಾಶಕರು ಕೇಳಿದ್ದಾರೆ. ಬರೆಯಲು ಕುಳಿತರೆ ಬೇರೇನೂ ಬರುತ್ತಿಲ್ಲ.

ಐವತ್ತರ ದಶಕದ ಮೊದಲಲ್ಲಿ ನಾವು ಜಯನಗರಕ್ಕೆ ಬಂದೆವು. ಆಗ ಅದು ಅರ್ಧ ಬಡಾವಣೆ, ಅರ್ಧ ರಾಗಿ ಹೊಲ. ಬಂದ ಮರುವರ್ಷವೇ ಅಪ್ಪ ತೀರಿಕೊಂಡರು. ಮನೆಯಲ್ಲಿ ಅಮ್ಮ, ಅಕ್ಕ, ನಾನು ಮೂರೇ ಜನ. ಅಕ್ಕ ತ್ಯಾಗರಾಜನಗರದ ಒಂದು ಶಾಲೆಯಲ್ಲಿ ಪಾಠ ಹೇಳಲು ಸೇರಿದಳು. ನಾನು ಬಿ.ಎ. ಮುಗಿಸಿ, ಸಾಹಿತಿಯಾಗುವುದೆಂದು ತೀರ್ಮಾನಿಸಿದ್ದೆ. ಅಂದರೆ, ಅಕ್ಕನ ಸಂಬಳದಲ್ಲಿ ಉಂಡು, ಮಧ್ಯಾಹ್ನವೆಲ್ಲ ಕಾಗದ ಹಾಳುಮಾಡುತ್ತಿದ್ದೆ.

ಅಕ್ಕನಿಗೆ ಗಂಡು ನೋಡಲು ಹೊರಟಾಗ ಅವಳ ಜಾತಕದ ಹಳೆಯ ಹಾಳೆ ಮಡಿಕೆ ಮಡಿಕೆಗೂ ಹರಿದಿತ್ತು. ಹೊಸದಾಗಿ ಬರೆಯಬೇಕಿತ್ತು. ಅಕ್ಕನ ಅಕ್ಷರ ಮುತ್ತು ಪೋಣಿಸಿದ ಹಾಗೆ. ನನ್ನದು ಕಾಗೆ ಕಾಲು ಗುಬ್ಬಿ ಕಾಲು. ಆದರೆ ಹುಡುಗಿ ತನ್ನ ಜಾತಕವನ್ನು ತಾನೇ ಬರೆಯಬಾರದು ಎಂಬುದು ನಮ್ಮಮ್ಮನ ಶಾಸ್ತ್ರ.

“ಶೀನಿ, ನೀನೇ ಬರ್ಕೊಡು. ಪುರೋಹಿತ್ರು ಬಂದು ಕೂತಿದಾರೆ” ಎಂದಳು ಅಮ್ಮ.

ನಾನು ಒಂದು ಕಥೆಯ ಮಧ್ಯದಲ್ಲಿದ್ದೆ. ಸಿಡುಕಿಕೊಂಡೇ ಹನ್ನೆರಡು ಮನೆಗಳ ಚೌಕ ಎಳೆದೆ. ತಲೆಯಲ್ಲಿ ಕಥೆಯನ್ನೇ ಇಟ್ಟುಕೊಂಡು ಒಂದೊಂದು ಗ್ರಹವನ್ನೂ ಕೂರಿಸಿದೆ. ಆರನೆಯ ಮನೆಯಲ್ಲಿದ್ದ ಕುಜನನ್ನು ಏಳನೆಯ ಮನೆಯಲ್ಲಿ ಬರೆದುಬಿಟ್ಟೆ. ಏಳರಲ್ಲಿ ಕುಜನಿದ್ದರೆ ಅದು ಕುಜದೋಷ. ಅಂಥವಳನ್ನು ಕಟ್ಟಿಕೊಂಡ ಗಂಡ ಬಾಳುವುದಿಲ್ಲ ಎಂದು ಜನ ಹೆದರುತ್ತಾರೆ. ನಾನು ಬರೆದದ್ದನ್ನು ಪುರೋಹಿತರು ತೆಗೆದುಕೊಂಡು ಹೋದರು. ಹಳೆಯ ಹಾಳೆ ಟ್ರಂಕಿನ ತಳ ಸೇರಿತು.

ಆಮೇಲೆ ಬಂದ ಸಂಬಂಧಗಳೆಲ್ಲ ಒಂದೊಂದಾಗಿ ತಿರುಗಿಹೋದವು. ಹುಡುಗಿ ಲಕ್ಷಣವಾಗಿದ್ದಾಳೆ, ಕೆಲಸದಲ್ಲಿದ್ದಾಳೆ, ಆದರೆ ಜಾತಕ — ಎಂದು ಎಲ್ಲರದೂ ಒಂದೇ ಮಾತು. ಅಮ್ಮ ಅಕ್ಕಿ ಆರಿಸುತ್ತಾ ಕುಳಿತು ನನಗೆ ಹೇಳುವಳು: “ಈ ದೋಷ ನಿಮ್ಮಪ್ಪಂಗೆ ಗೊತ್ತಿತ್ತು ಕಣೋ. ನನ್ನ ಹತ್ರ ಮುಚ್ಚಿಟ್ಬಿಟ್ರು.”

ಎರಡು ವರ್ಷದ ಮೇಲೆ ಯಾವುದೋ ಅರ್ಜಿಗೆ ನನ್ನ ಸರ್ಟಿಫಿಕೇಟ್ ಹುಡುಕುವಾಗ ಟ್ರಂಕಿನಲ್ಲಿ ಆ ಹಳೆಯ ಹಾಳೆ ಸಿಕ್ಕಿತು. ಸುಮ್ಮನೆ ಬಿಡಿಸಿ ನೋಡಿದೆ. ಆರನೆಯ ಮನೆ. ಕಣ್ಣುಜ್ಜಿಕೊಂಡು ಮತ್ತೆ ಎಣಿಸಿದೆ — ಆರೇ. ಅಮ್ಮ ಹತ್ತು ಹೆಜ್ಜೆ ದೂರದ ಅಡುಗೆಮನೆಯಲ್ಲಿದ್ದಳು. ಒಂದು ಮಾತು ಹೇಳಿದ್ದರೆ ಸಾಕಿತ್ತು. ನಾನು ಹಾಳೆಯನ್ನು ಮಡಿಸಿ, ಮೊದಲಿದ್ದುದಕ್ಕಿಂತ ಇನ್ನೂ ಕೆಳಗೆ, ಅಪ್ಪನ ಕೋಟಿನ ಅಡಿಗೆ ಸೇರಿಸಿದೆ.

ಹೆದರಿದೆ ಎಂದು ನನಗೆ ನಾನೇ ಹೇಳಿಕೊಂಡೆ. ಅದು ಅರ್ಧ ನಿಜ. ಉಳಿದರ್ಧ ಹೇಳಲು ಈಗಲೂ ಕೈ ಏಳುವುದಿಲ್ಲ… ಅಕ್ಕ ಗಂಡನ ಮನೆಗೆ ಹೋದರೆ ನಮ್ಮ ಮನೆ ನಡೆಸುವವರಾರು? ಪತ್ರಿಕೆಗಳಿಗೆ ಕಳಿಸುವ ನನ್ನ ಕಥೆಗಳನ್ನು ಚೆಂದದ ಅಕ್ಷರದಲ್ಲಿ ಶುದ್ಧಪ್ರತಿ ಮಾಡಿಕೊಡುವವರಾರು? ನಾನು ಯೋಚಿಸಿದ್ದು ಇದನ್ನು. ಅವಳಿಗಾಗ ಇಪ್ಪತ್ತಾರು.

ಅಮ್ಮ ಅಪ್ಪನ ಮೇಲೆ ಆ ಮುನಿಸನ್ನು ಇಟ್ಟುಕೊಂಡೇ ಹೋದಳು. ಸತ್ತವರ ಮೇಲೂ ನನ್ನ ತಪ್ಪು ಬಿತ್ತು.

ಅಮ್ಮ ಹೋದ ವರ್ಷವೇ ನಾನು ಕಾದಂಬರಿಗೆ ಕೈಹಾಕಿದ್ದು. ನಿಜ ಹೇಳುತ್ತೇನೆ, ಮೊದಲ ಕರಡಿನಲ್ಲಿ ಎಲ್ಲವನ್ನೂ ಬರೆದೆ. ಜಾತಕ, ಟ್ರಂಕು, ಕೋಟು, ಹನ್ನೊಂದು ಪುಟ. ಬಾಯಲ್ಲಿ ಹೇಳಲಾಗದ್ದನ್ನು ಹೇಳುವ ಉಪಾಯವೂ ಹೊಳೆದಿತ್ತು: ಶುದ್ಧಪ್ರತಿ ಮಾಡುವವಳು ಅಕ್ಕನೇ ಅಲ್ಲವೇ? ಬರೆಯುತ್ತಾ ಬರೆಯುತ್ತಾ ತಾನೇ ತಿಳಿದುಕೊಳ್ಳಲಿ. ಕಟ್ಟನ್ನು ಅವಳ ಮೇಜಿನ ಮೇಲಿಟ್ಟು, ಲಾಲ್‌ಬಾಗಿಗೆ ಹೋಗಿ ಸಂಜೆಯವರೆಗೂ ಕುಳಿತೆ. ನನ್ನ ಧೈರ್ಯ ಅಷ್ಟೇ.

ಎಂಟು ದಿನ ಅವಳು ಶಾಲೆಯಿಂದ ಬಂದು ಬರೆಯುತ್ತಾ ಕುಳಿತಳು. ಒಂಬತ್ತನೆಯ ದಿನ ಕಟ್ಟನ್ನು ತಂದುಕೊಟ್ಟಳು.

“ಒಂದು ಕಡೆ ಆರನೇ ಮನೆ ಅಂತ ಬರೆದಿದೀಯ, ಇನ್ನೊಂದು ಕಡೆ ಐದನೇ ಮನೆ ಅಂತ. ಎರಡೂ ಕಡೆ ಆರು ಮಾಡಿದೀನಿ. ಸರೀನಾ?”

“ಸರಿ.”

“ಇದು ಹೀಗೇ ಅಚ್ಚಾಗತ್ತಾ?”

“ಹೂಂ” ಎಂದೆ.

ಅವಳು ಅಷ್ಟಕ್ಕೇ ಎದ್ದುಹೋದಳು. ಅಳಲಿಲ್ಲ, ಬಯ್ಯಲಿಲ್ಲ. ಅವಳಿಗೆ ಬೇಕಾಗಿದ್ದದ್ದು ಆ ‘ಹೂಂ’ ಒಂದೇ. ಅದು ನನಗೆ ಅರ್ಥವಾಗಲಿಲ್ಲ ಎಂದು ಹೇಗೆ ಹೇಳಲಿ — ಅರ್ಥವಾಗಿತ್ತು.

ವಾರಪತ್ರಿಕೆಯೊಂದು ಕಾದಂಬರಿಯನ್ನು ಧಾರಾವಾಹಿಯಾಗಿ ಹಾಕಲು ಒಪ್ಪಿತು. ಸಂಪಾದಕರು ಮನೆಗೆ ಕರೆಸಿ, ಜಗಲಿಯ ಮೇಲೆ ಕೂರಿಸಿ, ಹೊಗಳಿದರು. ಆಮೇಲೆ ಆ ಹನ್ನೊಂದು ಪುಟವನ್ನು ಪಕ್ಕಕ್ಕೆ ತೆಗೆದಿಟ್ಟರು.

“ಇದೊಂದು ಬೇಡ ಕಣ್ರೀ. ಓದೋರು ನಿಮ್ಮ ನಾಯಕನ್ನ ಕ್ಷಮಿಸೋದಿಲ್ಲ. ಅಕ್ಕನೇ ತಮ್ಮನ ಸಲುವಾಗಿ ಮದುವೆ ಬೇಡ ಅಂದ್ಲು, ಶಪಥ ಮಾಡಿದ್ಲು ಅಂತ ಬದಲಾಯಿಸಿ. ಹೆಂಗಸ್ರು ಕಣ್ಣೀರಿಟ್ಕೊಂಡು ಓದ್ತಾರೆ.”

ಅವರ ತಪ್ಪೇನೂ ಇಲ್ಲ. ಅದು ನಡೆದದ್ದೆಂದು ಅವರಿಗೆ ಆಗ ಗೊತ್ತಿರಲಿಲ್ಲ. ನಾನು ಹೇಳಲೂ ಇಲ್ಲ. ಒಂದು ದಿನ ಯೋಚಿಸಿ ತಿಳಿಸುತ್ತೇನೆ ಎನ್ನಬಹುದಿತ್ತು. ಲೋಟದ ಕಾಫಿ ಆರುವ ಮೊದಲೇ ಒಪ್ಪಿದೆ. ನಾಚಿಕೆಗೇಡಿನ ಸಂಗತಿಯೆಂದರೆ, ಮನೆಗೆ ನಡೆದು ಬರುವಾಗ ನನಗೆ ಹಗುರವೆನ್ನಿಸಿತ್ತು.

ಹೊಸ ಅಧ್ಯಾಯ ಎರಡೇ ದಿನದಲ್ಲಿ ಮುಗಿಯಿತು. ಸುಳ್ಳು ನೀರು ಕುಡಿದಷ್ಟು ಸಲೀಸಾಗಿ ಬಂತು. ಅದನ್ನೂ ಶುದ್ಧಪ್ರತಿಗೆಂದು ಅಕ್ಕನಿಗೇ ಕೊಟ್ಟೆ. ಇನ್ಯಾರಿಗೆ ಕೊಡಲಿ? ಸಂಪಾದಕರು ಹಿಂತಿರುಗಿಸಿದ್ದ ಹಳೆಯ ಹನ್ನೊಂದು ಹಾಳೆಯೂ ಅದರ ಜೊತೆಗಿತ್ತು. ಅವಳು ಓದಿದಳು. “ಹೀಗಾ?” ಎಂದು ಕೇಳಿದಳು. ಸಂಪಾದಕರ ಸಲಹೆ ಎಂದೆ.

ಅಚ್ಚಿಗೆ ಕೊಡುವ ಹಸ್ತಪ್ರತಿಯಲ್ಲಿ ಹಾಳೆಯ ಒಂದೇ ಮಗ್ಗುಲಲ್ಲಿ ಬರೆಯಬೇಕು. ಅಕ್ಕ ನನಗೆ ಸಾವಿರಾರು ಹಾಳೆ ಬರೆದುಕೊಟ್ಟಿದ್ದಾಳೆ, ಒಂದು ಸಲವೂ ಈ ನಿಯಮ ಮೀರಿದವಳಲ್ಲ. ಆ ಸಲ ಅವಳು ತಂದುಕೊಟ್ಟ ಹಾಳೆಗಳನ್ನು ತಿರುವಿ ನೋಡಿದೆ. ಹಿಂದಿನ ಮಗ್ಗುಲಲ್ಲೂ ಅವಳದೇ ಅಕ್ಷರ. ನಿಜದ ಅಧ್ಯಾಯವಿದ್ದ ಆ ಹನ್ನೊಂದು ಹಾಳೆಗಳ ಬೆನ್ನಿಗೇ ಅವಳು ಸುಳ್ಳಿನ ಅಧ್ಯಾಯವನ್ನು ಬರೆದಿದ್ದಳು. ನಿಜದ ಮೇಲೆ ಒಂದು ಗೀಟು ಕೂಡ ಎಳೆದಿರಲಿಲ್ಲ. ಹಾಗೇ ಕಳಿಸಿದ್ದರೆ ಸಂಪಾದಕರಿಂದ ಅಚ್ಚಿನ ಮೊಳೆ ಜೋಡಿಸುವವನವರೆಗೆ ಎಲ್ಲರೂ ಎರಡನ್ನೂ ಓದುತ್ತಿದ್ದರು. ಅವಳು ನನ್ನನ್ನು ಕೇಳಿಕೊಂಡದ್ದು ಇಷ್ಟೇ, ಅದೂ ಬಾಯಿಬಿಡದೆ.

ನಾನು ಬಾಗಿಲು ಮುಂದೆ ಮಾಡಿಕೊಂಡು ಕುಳಿತು, ಸುಳ್ಳಿನ ಅಧ್ಯಾಯವನ್ನು ಹೊಸ ಹಾಳೆಗಳಿಗೆ ನನ್ನ ಕೈಯಾರೆ ಇಳಿಸಿದೆ. ಇಡೀ ಕಾದಂಬರಿಯಲ್ಲಿ ನಾನೇ ಶುದ್ಧಪ್ರತಿ ಮಾಡಿದ್ದು ಅದೊಂದನ್ನೇ. ಆ ಸಲ ಒಂದು ಅಕ್ಷರವೂ ತಪ್ಪಲಿಲ್ಲ.

‘ಇದು ನಮ್ಮ ಮನೆಯ ಕಥೆ’ ಎಂಬ ನನ್ನ ಮಾತಿನ ಸಮೇತ ಧಾರಾವಾಹಿ ಬಂತು. ಹೆಂಗಸರು ಕಣ್ಣೀರಿಟ್ಟರು. ಜಯನಗರದಲ್ಲಿ ಅಕ್ಕ ತರಕಾರಿಗೆ ಹೋದರೆ ತಡೆದು ನಿಲ್ಲಿಸಿ, “ನೀವೇ ಅಲ್ವಾ ಆ ಅಕ್ಕ? ಎಂಥಾ ತ್ಯಾಗಮ್ಮಾ” ಎನ್ನುತ್ತಿದ್ದರು. ನನಗೆ ಹೆಣ್ಣಿನ ಅಂತರಂಗ ಬಲ್ಲವನೆಂದು ಹೆಸರು ಬಂತು, ಸನ್ಮಾನ, ಹಾರ. ಊರಿಗೆ ಉಪಕಾರಿ, ಮನೆಗೆ ಮಾರಿ ಎಂದು ಇಂಥವರನ್ನೇ ನೋಡಿ ಹೇಳಿರಬೇಕು.

ಇಲ್ಲಿಗೆ ಮುಗಿದಿದ್ದರೂ ಒಂದು ಮಾತಿತ್ತು. ಅಕ್ಕನ ಶಾಲೆಯಲ್ಲಿ ಅನಂತಯ್ಯ ಎಂಬ ಡ್ರಾಯಿಂಗ್ ಮೇಷ್ಟರಿದ್ದರು. ಮೆತ್ತನೆಯ ಮನುಷ್ಯ, ಜಾತಕದಲ್ಲಿ ಅವರಿಗೆ ನಂಬಿಕೆಯಿರಲಿಲ್ಲ. ಅಕ್ಕನನ್ನು ಮದುವೆಯಾಗುವ ಮನಸ್ಸಿದೆ, ಒಂದು ಮಾತು ಕೇಳಿ ನೋಡಿ ಎಂದು ನನ್ನಲ್ಲಿ ಹೇಳಿದ್ದರು. ಕೇಳುತ್ತೇನೆ ಎಂದು ಹೇಳಿ ಮುಂದೂಡುತ್ತಲೇ ಬಂದಿದ್ದೆ. ಆ ಅಧ್ಯಾಯ ಬಂದ ಭಾನುವಾರ ಅವರು ಪತ್ರಿಕೆಯನ್ನು ಸುರುಳಿ ಸುತ್ತಿ ಹಿಡಿದು ನಮ್ಮ ಮನೆಗೆ ಬಂದರು.

“ಓದ್ದೆ ಸಾರ್. ಅವ್ರು ಹಾಗೆ ಶಪಥ ಮಾಡಿರೋದು ನಂಗೆ ಗೊತ್ತಿರಲಿಲ್ಲ. ಗೊತ್ತಿದ್ದೂ ಕೇಳೋದು ತಪ್ಪಾಗತ್ತೆ. ನಾನು ಹೇಳಿದ್ದನ್ನ ಮರ್ತುಬಿಡಿ.”

ಅದು ಸುಳ್ಳು ಮೇಷ್ಟ್ರೇ, ಬರೆದದ್ದು ನಾನು, ಅವಳು ಯಾವ ಶಪಥವನ್ನೂ ಮಾಡಿಲ್ಲ. ಮಾತು ನಾಲಗೆಯ ತುದಿಯಲ್ಲಿತ್ತು. ನಾನು ಹೇಳಿದ್ದು: “ಕೂತ್ಕೊಳ್ಳಿ, ಕಾಫಿ ತಗೊಂಡು ಹೋಗಿ.”

ಅಕ್ಕನೇ ಕಾಫಿ ತಂದುಕೊಟ್ಟಳು. ಒಳಗೆ ಅವಳಿಗೆ ಎಷ್ಟು ಕೇಳಿಸಿತ್ತೋ — ನಾನು ಇವತ್ತಿನವರೆಗೆ ಕೇಳಿಲ್ಲ. ಮೇಷ್ಟರು ಮರುವರ್ಷ ತುಮಕೂರಿಗೆ ವರ್ಗ ಮಾಡಿಸಿಕೊಂಡರು. ಅಲ್ಲಿ ಅವರ ಮದುವೆಯಾಯಿತು. ನಮಗೂ ಕರೆಯೋಲೆ ಬಂದಿತ್ತು.

ಒಮ್ಮೆ ಜಾತಕದಲ್ಲಿ, ಒಮ್ಮೆ ಕಾದಂಬರಿಯಲ್ಲಿ, ಎರಡು ಸಲ ಅಕ್ಕನನ್ನು ತಪ್ಪಾಗಿ ಬರೆದೆ. ಮೊದಲನೆಯದು ಕೈತಪ್ಪು. ಎರಡನೆಯದನ್ನು ಬರೆಯುವಾಗ ನನ್ನ ಕೈ ಗಟ್ಟಿಯಾಗಿತ್ತು.

ಆ ಹನ್ನೊಂದು ಹಾಳೆಗಳು ನನ್ನ ಬಳಿ ಇವೆ. ಹರಿದುಹಾಕಬೇಕೆಂದು ಎಷ್ಟೋ ಸಲ ಕೈಗೆತ್ತಿಕೊಂಡಿದ್ದೆ. ಮೊನ್ನೆ ಅವನ್ನು ತೆಗೆದುಕೊಂಡು ಅವಳ ಮುಂದೆ ಹೋದೆ. ಅವಳು ಮಕ್ಕಳ ನೋಟ್‌ಬುಕ್ಕುಗಳನ್ನು ತಿದ್ದುತ್ತಿದ್ದಳು. ಅವಳಿಗೀಗ ನಲವತ್ತು.

“ಇನ್ನೂ ಇಟ್ಕೊಂಡಿದೀಯಾ?” ಎಂದಳು.

“ಈ ಸಲ ಇದನ್ನೇ ಹಾಕಿಸ್ಲಾ ಅಕ್ಕ?”

ಅವಳು ಪೆನ್ನು ಕೆಳಗಿಡಲಿಲ್ಲ. “ಆಗ ಕೇಳಿದ್ಯಾ? ಈಗ ನನ್ನ ಕೇಳಿ ಅದನ್ನೂ ನನ್ನ ತಲೆಗೆ ಕಟ್ಬೇಡ, ಶೀನಿ. ನಿನ್ನ ಪುಸ್ತಕ, ನೀನು ನೋಡ್ಕೋ.”

ನೋಡಿಕೊಳ್ಳುತ್ತಿದ್ದೇನೆ. ಎರಡನೆಯ ಮುದ್ರಣದಲ್ಲಿ ಆ ಹಾಳೆಗಳ ಇನ್ನೊಂದು ಮಗ್ಗುಲು ಅಚ್ಚಾಗುತ್ತದೆ. ಪ್ರಕಾಶಕರು ಒಪ್ಪದಿದ್ದರೆ ಪುಸ್ತಕವೇ ಬೇಡ. ಇದರಿಂದ ಅವಳಿಗೆ ಏನೂ ಮರಳಿ ಬರುವುದಿಲ್ಲ, ಗೊತ್ತು. ಈ ಮುನ್ನುಡಿಯ ಶುದ್ಧಪ್ರತಿಯನ್ನು ಅವಳಿಗೆ ಕೊಟ್ಟಿಲ್ಲ. ನನ್ನ ಕಾಗೆ ಕಾಲು ಗುಬ್ಬಿ ಕಾಲಿನಲ್ಲಿ ನಾನೇ ಮಾಡುತ್ತಿದ್ದೇನೆ. ಟ್ರಂಕಿನಿಂದ ತೆಗೆದ ಹಳೆಯ ಜಾತಕ ಪಕ್ಕದಲ್ಲಿದೆ. ಮೂರು ಸಲ ಎಣಿಸಿ ನೋಡಿ ಬರೆಯುತ್ತಿದ್ದೇನೆ: ನನ್ನ ಅಕ್ಕ ರುಕ್ಮಿಣಿಯ ಜಾತಕದಲ್ಲಿ ಕುಜನು ಆರನೆಯ ಮನೆಯಲ್ಲಿದ್ದಾನೆ. ಅವಳಿಗೆ ಯಾವ ದೋಷವೂ ಇಲ್ಲ.