ಲಕ್ಷ ತುಂಬೆಯ ಕಾರ್ತೀಕ

ಆ ದಿನಗಳಲ್ಲಿ ಕಡಬದ ನಮ್ಮ ಮನೆಯಲ್ಲಿ ಗಡಿಯಾರ ಇರಲಿಲ್ಲವೆಂದಲ್ಲ. ನಡುಮನೆಯ ಗೋಡೆಯಲ್ಲಿ ದೊಡ್ಡದೊಂದು ತೂಗುತ್ತಿತ್ತು. ತಾತನಿಗೆ ಮಾತ್ರ ಅದರ ಮೇಲೆ ನಂಬಿಕೆ ಇರಲಿಲ್ಲ. ಅವನು ಹೊತ್ತನ್ನು ಅಳೆಯುತ್ತಿದ್ದದ್ದು ಎಲೆಅಡಿಕೆಯಲ್ಲಿ. ಬಾಯಿಗೆ ಹಾಕಿಕೊಂಡ ಎಲೆಅಡಿಕೆ ಅಗಿದು ಮುಗಿಯುವಷ್ಟು ಹೊತ್ತು ಅಂದರೆ ಒಂದು ತಾಂಬೂಲ. ಕೆರೆ ಏರಿಗೆ ಹೋಗಿ ಬರಲು ಎರಡು ತಾಂಬೂಲ, ಗುಬ್ಬಿ ಬಸ್ಸು ಕಾಯಲು ಮೂರು. ಹಿತ್ತಲಿನಲ್ಲಿ ಯಾವ ಗಿಡ ಇರಬೇಕು, ಯಾವುದು ಹೋಗಬೇಕು ಎಂಬ ತೀರ್ಮಾನವೂ ಇದೇ ಅಳತೆಯಲ್ಲಿ ಆಗುತ್ತಿತ್ತು.

ಹಿತ್ತಲ ಮಣ್ಣುಗೋಡೆಯಲ್ಲಿ ತಾತ ಒಂದು ಗಡಿಗೆಯನ್ನು ಹುದುಗಿಸಿಟ್ಟಿದ್ದ. ಗಡಿಗೆಯ ಬಾಯಿ ಮನೆಯೊಳಗೆ, ಅದಕ್ಕೆ ಹಲಗೆ ಮುಚ್ಚಿ ಸಗಣಿ ಮೆತ್ತಿದ್ದು. ತಳದಲ್ಲಿ ಕೊರೆದ ಬೆರಳಗಲದ ತೂತು ಹಿತ್ತಲ ಕಡೆಗೆ. ಆ ತೂತಿನಿಂದ ತುಡುವೆ ಜೇನುಹುಳಗಳು ಹೋಗಿ ಬಂದು ಮಾಡುತ್ತಿದ್ದವು. ನಾನು ಹುಟ್ಟುವ ಮೊದಲಿಂದಲೂ ಅವು ನಮ್ಮ ಮನೆಯವೇ. ಗೋಡೆಗೆ ಕಿವಿ ಇಟ್ಟರೆ ಒಳಗೆ ಅನ್ನ ಕುದಿಯುವಂಥ ಸದ್ದು ಕೇಳುತ್ತಿತ್ತು. ಬೆಳಿಗ್ಗೆ ಎದ್ದು ಮುಖ ತೊಳೆಯುವ ಮೊದಲು ತಾತ ಅಲ್ಲಿಗೆ ಹೋಗಿ ಕಿವಿ ಇಡುತ್ತಿದ್ದ. ಅವನ ಹಿಂದೆ ನಾನು. ಆಗ ನನಗೆ ಒಂಬತ್ತು ವರ್ಷ.

ಹೊಸ ಗಿಡ ಹೂ ಬಿಟ್ಟ ದಿನ ಅದಕ್ಕೆ ಪರೀಕ್ಷೆ. ಇಬ್ಬರೂ ಗಿಡದ ಮುಂದೆ ಕುಕ್ಕರಗಾಲಲ್ಲಿ ಕೂರುತ್ತಿದ್ದೆವು. ತಾತ ಎಲೆಗೆ ಸುಣ್ಣ ಹಚ್ಚಿ ಬಾಯಿಗಿಟ್ಟ ಕೂಡಲೇ ನಾನು ಬಂದ ಹುಳಗಳನ್ನು ಎಣಿಸಲು ಶುರು ಮಾಡಬೇಕು. ಎರಡು ತಾಂಬೂಲವಾದರೂ ಒಂದು ಹುಳವೂ ಕೂರದಿದ್ದರೆ ಆ ಗಿಡ ಫೇಲು. ಕಾಮಕಸ್ತೂರಿ, ತುಳಸಿ, ನುಗ್ಗೆ, ಬೇಲಿಯ ಹೊಂಗೆ ಎಲ್ಲವೂ ಪಾಸಾದವು. ಅಜ್ಜಿ ಗುಬ್ಬಿ ಸಂತೆಯಿಂದ ಆಸೆಪಟ್ಟು ತಂದ ಸುತ್ತು ದಾಸವಾಳ ಮಾತ್ರ ಫೇಲಾಯಿತು.

"ಸುತ್ತು ಜಾಸ್ತಿ ಆದ್ರೆ ಹುಳಕ್ಕೆ ಒಳಕ್ಕೋಗಕ್ಕೆ ದಾರೀನೇ ಇರಲ್ಲ ಕಣ್ ಕೂಸೇ," ಎಂದ ತಾತ. "ನೋಡಕ್ಕೇನೋ ಅರಮನೆ. ಬಾಗ್ಲೇ ಮಡಗಿಲ್ಲ."

ಅಜ್ಜಿ ಅಡುಗೆಮನೆಯಿಂದಲೇ ಕೂಗಿದಳು, "ಹಿತ್ಲು ತುಂಬ ಆ ತುಂಬೆ ಕಳೆ ಬೆಳ್ಸವ್ರೆ, ಪಾಳುಬಿದ್ದಂಗೆ. ಬಂದೋರು ಏನಂದ್ಕೊಂಡಾರು?"

"ಹಿತ್ತಲ ಗಿಡ ಮದ್ದಲ್ಲ ಅನ್ನೋ ಗಾದೆ ನಿಮ್ಮಜ್ಜೀನ ನೋಡೇ ಮಾಡಿದ್ದು," ಎಂದು ತಾತ ನನ್ನ ಕಡೆ ತಿರುಗಿ ಕಣ್ಣು ಮಿಟುಕಿಸಿದ.

ಅಜ್ಜಿ ಕಳೆ ಎಂದ ತುಂಬೆಯೇ ತಾತನ ಪರೀಕ್ಷೆಯಲ್ಲಿ ಯಾವಾಗಲೂ ಮೊದಲು. ಅದರ ಮುಂದೆ ಎಣಿಸುವುದು ನನ್ನ ಕೈಲಾಗುತ್ತಿರಲಿಲ್ಲ. ಒಂದು ಹುಳ ಹಾರಿದರೆ ಎರಡು ಇಳಿಯುತ್ತಿದ್ದವು. ನಾವೂ ಹುಳಗಳಿಗಿಂತ ಕಡಿಮೆ ಇರಲಿಲ್ಲ. ಬಿಳಿ ಹೂವನ್ನು ಮೆಲ್ಲಗೆ ಕಿತ್ತು ಬುಡ ಚೀಪಿದರೆ ನಾಲಿಗೆ ತುದಿಗೆ ಸಾಸಿವೆಯಷ್ಟು ಸಿಹಿ. ಹೊಲದಲ್ಲಿ ರಾಗಿಯ ನಡುನಡುವೆ ಅಕ್ಕಡಿ ಸಾಲು ಹಿಡಿದು ತಾತ ಹುಚ್ಚೆಳ್ಳು ಬಿತ್ತುತ್ತಿದ್ದ. ಮಳೆಗಾಲ ಮುಗಿದ ಮೇಲೆ ಹೊಲದಲ್ಲಿ ಹುಚ್ಚೆಳ್ಳಿನ ಹಳದಿ, ಹಿತ್ತಲಲ್ಲಿ ತುಂಬೆಯ ಬಿಳಿ. "ಚಳಿಗಾಲಕ್ಕೆ ಇವೆರಡೇ ಇವುಕ್ಕೆ ಬುತ್ತಿ. ಎರಡೂ ತಪ್ಪಿದ್ರೆ ಇವು ಮನೆ ಬುಟ್ಟೋಯ್ತವೆ," ಎನ್ನುತ್ತಿದ್ದ.

ಆ ವರ್ಷ ಆಷಾಢದಲ್ಲಿ ತಾತನಿಗೆ ಲಕ್ವ ಹೊಡೆಯಿತು. ಬಲಗೈ, ಬಲಗಾಲು, ಮಾತು ಮೂರೂ ಒಂದೇ ಬೆಳಿಗ್ಗೆ ಹೋದವು. ಚಿಕ್ಕಪ್ಪ ತುಮಕೂರಿನ ಆಸ್ಪತ್ರೆಗೂ ಹೊಲಕ್ಕೂ ಓಡಾಡಿ ಸಾಕಾಗಿ, ಟ್ರ್ಯಾಕ್ಟರ್ ಹೊಡೆಸಿ ಬರೀ ರಾಗಿ ಬಿತ್ತಿಸಿ ಕೈತೊಳೆದುಕೊಂಡ. ಅವನನ್ನು ದೂರಲಾರೆ. ಆ ಗಡಿಬಿಡಿಯಲ್ಲಿ ಹುಚ್ಚೆಳ್ಳಿನ ನೆನಪು ಯಾರಿಗೂ ಬರಲಿಲ್ಲ. ತಾತನಿಗೆ ಬಂದಿರಬಹುದು. ಆದರೆ ಅವನು ಹೇಳುವ ಹಾಗಿರಲಿಲ್ಲ.

ಕಾರ್ತೀಕ ಬರುವ ಹೊತ್ತಿಗೆ ಅಜ್ಜಿ ಹರಕೆ ಹೊತ್ತಳು. ತಾತ ಎದ್ದು ಕೂತರೆ ಸಾಕು, ಈಶ್ವರನಿಗೆ ಲಕ್ಷ ತುಂಬೆ ಹೂ ಏರಿಸುತ್ತೇನೆ ಎಂದು. ವರ್ಷವಿಡೀ ಬೈಸಿಕೊಂಡ ಕಳೆ ಒಂದೇ ದಿನದಲ್ಲಿ ದೇವರ ಹೂವಾಯಿತು. ಲಕ್ಷ ಹೂವನ್ನು ಯಾರು ಎಣಿಸಬೇಕು? ಅಜ್ಜಿ ಮೊದಲ ದಿನ ಒಂದು ಪಾವು ಹೂವನ್ನು ಜಗಲಿ ಮೇಲೆ ಹರಡಿ ಒಂದೊಂದಾಗಿ ಎಣಿಸಿದಳು. ಆಮೇಲೆಲ್ಲ ಪಾವಿನ ಅಳತೆಯೇ ಲೆಕ್ಕ.

ಹರಕೆಗೊಂದು ಕಟ್ಟಳೆ ಇತ್ತು. "ಬಿಸ್ಲು ಬೀಳಕ್ ಮುಂಚೆ ಕೀಳ್ಬೇಕು. ಹುಳ ಮುಟ್ಟಿದ್ ಹೂವ ಎಂಜಲು, ಅದು ಶಿವನಿಗೆ ಆಗಕಿಲ್ಲ," ಎಂದಳು ಅಜ್ಜಿ.

ಹಾಗಾಗಿ ಬೆಳಕು ಹರಿಯುವ ಮುನ್ನವೇ ನಾವು ಹೊಲದ ಬದುಗಳಲ್ಲಿ ಇರುತ್ತಿದ್ದೆವು. ಇಬ್ಬನಿಗೆ ಲಂಗ ಮೊಣಕಾಲವರೆಗೆ ಒದ್ದೆ, ಬೆರಳ ತುದಿಗೆಲ್ಲ ತುಂಬೆಯ ಒಗರು ವಾಸನೆ. ಮನೆಯವರಲ್ಲೆಲ್ಲ ನನ್ನ ಕೈಯೇ ಚುರುಕು. ಅಮ್ಮ ಅರ್ಧ ಪಾವು ಬಿಡಿಸುವಷ್ಟರಲ್ಲಿ ನನ್ನ ಪಾವು ತುಂಬಿರುತ್ತಿತ್ತು. "ನಮ್ ಪುಟ್ಟಿ ಕೈಯಲ್ಲೇ ಅವ್ರ ಆಯಸ್ಸೈತೆ," ಎಂದು ಅಜ್ಜಿ ಬೀದಿಯವರಿಗೆಲ್ಲ ಹೇಳಿದಳು. ಆ ಮಾತು ನನಗೆ ಬಹಳ ಇಷ್ಟವಾಯಿತು. ಸುಳ್ಳೇಕೆ ಹೇಳಲಿ, ಇನ್ನೂ ಬೇಗ ಬೇಗ ಕಿತ್ತೆ.

ಮೂರನೆಯ ಸೋಮವಾರದ ಹೊತ್ತಿಗೆ ಬದುಗಳೆಲ್ಲ ಬರಿದಾದವು. ಉಳಿದದ್ದು ನಮ್ಮ ಹಿತ್ತಲೊಂದೇ. ಅಲ್ಲಿಯ ತುಂಬೆಗೆ ಅಲ್ಲಿಯತನಕ ಯಾರೂ ಕೈ ಹಾಕಿರಲಿಲ್ಲ. ಅಂದು ಬೆಳಿಗ್ಗೆ ಅಜ್ಜಿ, ಅಮ್ಮ, ನಾನು ಮೂವರೂ ಮೊರ ಹಿಡಿದು ಹಿತ್ತಲಿಗೆ ಇಳಿದೆವು. ತಾತನ ಮಂಚ ಹಿತ್ತಲ ಕಿಟಕಿಯ ಪಕ್ಕದಲ್ಲೇ ಇತ್ತು. ನಾನು ಮೊದಲ ಹಿಡಿ ಹೂವು ಮೊರಕ್ಕೆ ಹಾಕಿ ತಲೆ ಎತ್ತಿದರೆ, ತಾತ ಎಡಗೈಯನ್ನು ಕಿಟಕಿಯ ಸರಳಿನವರೆಗೆ ಎತ್ತಿ ಅತ್ತಿತ್ತ ಆಡಿಸುತ್ತಿದ್ದ. ಗಂಟಲಿನಿಂದ ಏನೋ ಸದ್ದು ಬರುತ್ತಿತ್ತು.

"ಥಂಡಿ ಗಾಳಿ ಹೊಡೀತೈತೇನೋ. ಹೋಗಿ ಕಿಟಕಿ ಮುಚ್ಚೇ," ಎಂದಳು ಅಜ್ಜಿ.

ನನಗೆ ಗೊತ್ತಾಗಿತ್ತು. ಪರೀಕ್ಷೆಯ ಹೊತ್ತಿನಲ್ಲಿ ನಾನು ಹೂವಿಗೆ ಕೈ ಹಾಕಿದರೆ ಅವನು ಹೀಗೆಯೇ ಕೈ ಆಡಿಸುತ್ತಿದ್ದ.

"ಅಜ್ಜೀ, ತಾತ ಬ್ಯಾಡ ಅಂತವ್ನೆ. ಈ ಸಲ ಹುಚ್ಚೆಳ್ಳೂ ಇಲ್ಲ. ಹುಳಕ್ಕೆ ಏನೂ ಇರಲ್ಲ," ಎಂದೆ.

ಅಜ್ಜಿ ಮೊರ ಕೆಳಗಿಟ್ಟಳು. ಅವಳ ಕಣ್ಣಲ್ಲಿ ನೀರಿತ್ತು. "ನಿಂಗೆ ಹುಳ ಹೆಚ್ಚೋ, ತಾತ ಹೆಚ್ಚೋ? ಹೇಳು."

ಅಮ್ಮನ ಮುಖ ನೋಡಿದೆ. ಅಮ್ಮ ನೆಲ ನೋಡಿದಳು. ನಾನು ಒಳಗೆ ಹೋಗಿ ಕಿಟಕಿ ಮುಚ್ಚಿದೆ. ತಾತ ನನ್ನನ್ನೇ ನೋಡುತ್ತಿದ್ದ. ಅಗುಳಿ ಹಾಕುವಾಗ ನನ್ನ ಕೈಯ ತುಂಬೆಯ ವಾಸನೆ ನನಗೇ ಹೊಡೆಯಿತು. ಆಮೇಲೆ ಹೊರಗೆ ಬಂದು ಮತ್ತೆ ಕಿತ್ತೆ. ಮರುದಿನವೂ ಕಿತ್ತೆ. ಕೊನೆಯ ಸೋಮವಾರದವರೆಗೂ ಕಿತ್ತೆ.

ಮಾರ್ಗಶಿರದ ಒಂದು ಮಧ್ಯಾಹ್ನ ನಾನು ಹಿತ್ತಲಲ್ಲಿ ಪಾತ್ರೆ ಬೆಳಗುತ್ತಿದ್ದೆ. ಗೋಡೆಯ ತೂತಿನಿಂದ ಹುಳಗಳು ಒಂದರ ಮೇಲೊಂದು ಹೊರಬಿದ್ದವು. ತೆಂಗಿನಮರದೆತ್ತರಕ್ಕೆ ಎದ್ದು ಸುತ್ತತೊಡಗಿದವು. ತಟ್ಟೆ ಬಡಿದು ಮಣ್ಣು ತೂರಿದರೆ ಹೊರಟ ಹುಳ ಇಳಿಯುತ್ತದೆ ಎಂದು ತಾತ ಹೇಳಿದ್ದ. ಕೈಲಿದ್ದ ತಟ್ಟೆಯನ್ನೇ ಸೌಟಿನಿಂದ ಬಡಿದೆ, ಹಿಡಿಹಿಡಿ ಮಣ್ಣು ತೂರಿದೆ. ಬಡಿಯುತ್ತಲೇ ಅವುಗಳ ಹಿಂದೆ ಕೆರೆ ಏರಿಯವರೆಗೆ ಓಡಿದೆ. ಅವು ನೀರಿನ ಮೇಲೆ ಹಾದು ಹೋದವು. ನನಗೆ ಮುಂದೆ ಹೋಗಲು ದಾರಿ ಇರಲಿಲ್ಲ. ತಟ್ಟೆಯ ಸದ್ದು ಮನೆಯೊಳಗೆ ಮಲಗಿದ್ದ ತಾತನಿಗೆ ಕೇಳಿರುತ್ತದೆ. ಅದರ ಅರ್ಥ ಆ ಮನೆಯಲ್ಲಿ ಅವನಿಗಿಂತ ಚೆನ್ನಾಗಿ ಇನ್ಯಾರಿಗೆ ಗೊತ್ತು?

ಶಿವರಾತ್ರಿಯ ಹೊತ್ತಿಗೆ ತಾತ ನಿಜವಾಗಿಯೂ ಎದ್ದು ಕೂತ. ಕೋಲೂರಿ ನಡೆದ. ಒಂದೊಂದೇ ಮಾತೂ ಬಂತು. ಊರೆಲ್ಲ ಹರಕೆ ಫಲಿಸಿತು ಎಂದಿತು. ಇಲ್ಲ ಎನ್ನಲು ನಾನ್ಯಾರು? ಹೌದು ಎನ್ನಲೂ ಬಾಯಿ ಬರುವುದಿಲ್ಲ. ಇವತ್ತಿಗೂ ನನಗದು ಬಾಯಲ್ಲಿಟ್ಟ ಬಿಸಿತುಪ್ಪ.

ನಡೆಯಲು ಬಂದ ಮೊದಲ ದಿನವೇ ತಾತ ಹಿತ್ತಲಿಗೆ ಹೋಗಿ ಗೋಡೆಗೆ ಕಿವಿ ಇಟ್ಟ. ಬಹಳ ಹೊತ್ತು ಹಾಗೇ ನಿಂತಿದ್ದ. ಆಮೇಲೆ ನನ್ನ ಕಡೆ ತಿರುಗಿ, "ಎಲ್ಲಿ?" ಎಂದ.

"ಮೇಯಕ್ಕೆ ಹೋಗವೆ ತಾತ. ಬತ್ತವೆ," ಎಂದೆ.

ತಾತ ತಲೆಯಾಡಿಸಿದ. ಅಜ್ಜಿ ಕುಟ್ಟಿಕೊಟ್ಟ ಎಲೆಅಡಿಕೆ ಬಾಯಿಗಿಟ್ಟುಕೊಂಡು ಕಲ್ಲಿನ ಮೇಲೆ ಕೂತು ಆ ತೂತನ್ನೇ ನೋಡಿದ. ಎರಡು ತಾಂಬೂಲ ಮುಗಿಯಿತು. ಎದ್ದು ಒಳಗೆ ಹೋದ.

ಈಗ ತಾತನೂ ಇಲ್ಲ, ಅಜ್ಜಿಯೂ ಇಲ್ಲ. ಮಣ್ಣುಗೋಡೆ ಇದ್ದಲ್ಲಿ ಸಿಮೆಂಟು ಗೋಡೆ ಇದೆ, ಅದರಲ್ಲಿ ಯಾವ ತೂತೂ ಇಲ್ಲ. ತುಮಕೂರಿನ ನಮ್ಮ ಮನೆಯ ಟೆರೇಸಿನಲ್ಲಿ ನಾನು ಕುಂಡಗಳನ್ನಿಟ್ಟಿದ್ದೇನೆ. ನರ್ಸರಿಗೆ ಹೋಗಿ ತುಂಬೆ ಕೇಳಿದರೆ ಹುಡುಗಿಯೊಬ್ಬಳು ನಕ್ಕು, "ಅದು ಕಳೆ ಮೇಡಂ, ಅದನ್ನ ಯಾರಾದ್ರೂ ತಗೋತಾರಾ?" ಎಂದಳು. ಕೊನೆಗೆ ಕುಣಿಗಲ್ ರಸ್ತೆಯ ಪಕ್ಕ ಸಿಕ್ಕ ಗಿಡವನ್ನು ಬೇರುಸಮೇತ ಕಿತ್ತು ತಂದು ನೆಟ್ಟೆ. ಈ ಕಾರ್ತೀಕಕ್ಕೆ ಅದು ಕುಂಡ ಕಾಣದ ಹಾಗೆ ಹೂ ಬಿಟ್ಟಿದೆ. ನಾನು ಎಲೆಅಡಿಕೆ ಹಾಕುವವಳಲ್ಲ. ಆದರೂ ವಾರದಿಂದ ದಿನಾ ಬಿಸಿಲೇರಿದ ಮೇಲೆ ಅದರ ಮುಂದೆ ಎರಡು ತಾಂಬೂಲದ ಹೊತ್ತು ಕೂತು ನೋಡುತ್ತಿದ್ದೇನೆ.

ನಿನ್ನೆ ಸೋಮವಾರ. ಬೆಳಿಗ್ಗೆ ಪಕ್ಕದ ಮನೆಯ ಆಂಟಿ ಸ್ನಾನ ಮುಗಿಸಿ, ಬಟ್ಟಲು ಹಿಡಿದು ಟೆರೇಸಿಗೆ ಬಂದರು. "ಪೂಜೆಗೆ ಒಂದಿಷ್ಟು ತುಂಬೆ ಬಿಡಿಸ್ಕೊಳ್ಲೇನಮ್ಮ?" ಎಂದರು. ಬೇಡ ಎನ್ನಬೇಕೆನಿಸಿತು. ಆದರೆ ಅವರ ಯಜಮಾನರು ಆಸ್ಪತ್ರೆಯಿಂದ ಮನೆಗೆ ಬಂದು ಎರಡೇ ದಿನವಾಗಿತ್ತು.

"ಬಿಡಿಸ್ಕೊಳ್ಳಿ ಆಂಟಿ," ಎಂದೆ.

ಅವರು ಬಗ್ಗಿ ಮೊದಲ ಹೂವಿಗೆ ಕೈ ಇಟ್ಟವರು ಏನೋ ನೆನಪಾದಂತೆ ಕೈ ತಡೆದರು. "ಹುಳ ಮುಟ್ಟಿಲ್ಲ ತಾನೆ?"

"ಇಲ್ಲ ಆಂಟಿ," ಎಂದೆ. "ಒಂದೂ ಮುಟ್ಟಿಲ್ಲ."